ಆಪ್ ಅಳಿಸಿದರೂ ನಿಲ್ಲದ ಕಡಿತ: ಅಮ್ಮನ ಖಾತೆಯ 499 ರೂಪಾಯಿಯ ಬೆನ್ನು ಹತ್ತಿದ ನನ್ನ ಅನುಭವ

ಅಮ್ಮನ ಪಾಸ್‌ಬುಕ್‌ನಲ್ಲಿ ಐದು ಸಾಲುಗಳ ಪಕ್ಕ ಪೆನ್ಸಿಲಿನ ಸಣ್ಣ ಗುರುತುಗಳಿದ್ದವು. ಗ್ಯಾಸ್ ಸಂಪರ್ಕದ ಕೆಲಸಕ್ಕೆ ಮೊದಲ ಪುಟದ ಜೆರಾಕ್ಸ್ ಬೇಕಿತ್ತು. ಹಾಳೆ ಮಗುಚಿದಾಗ ಕಣ್ಣಿಗೆ ಬಿದ್ದವು. ಐದೂ ಸಾಲಿನಲ್ಲಿ ಒಂದೇ ಮೊತ್ತ, 499 ರೂಪಾಯಿ. 2025ರ ಫೆಬ್ರುವರಿಯಿಂದ ಜೂನ್‌ವರೆಗೆ ತಿಂಗಳಿಗೊಂದರಂತೆ. ತೀರ್ಥಹಳ್ಳಿಯ ಸಹಕಾರಿ ಸಂಘವೊಂದರಲ್ಲಿ ಹದಿನೆಂಟು ವರ್ಷದಿಂದ ಲೆಕ್ಕ ಬರೆಯುತ್ತಿರುವ ನನಗೆ ಆ ಗುರುತಿನ ಅರ್ಥ ಗೊತ್ತು: ಇದು ತಾಳೆಯಾಗಿಲ್ಲ, ವಿಚಾರಿಸಬೇಕು. ಅಮ್ಮ ನನ್ನನ್ನು ನೋಡಿಯೇ ಅದನ್ನು ಕಲಿತದ್ದು. ಆದರೆ ನನ್ನನ್ನು ವಿಚಾರಿಸಿರಲಿಲ್ಲ.

ಕೇಳಿದರೆ ಮೊದಲು ಮಾತು ಮರೆಸಿದಳು. ಆಮೇಲೆ, “ನನ್ನದೇ ತಪ್ಪು ಪುಟ್ಟಿ. ಪಿನ್ ಒತ್ತಿದವಳು ನಾನೇ. ನಿನಗೆ ಹೇಳಿದರೆ ಇನ್ನು ಮೊಬೈಲ್ ಮುಟ್ಟಬೇಡ ಎನ್ನುತ್ತೀಯೇನೋ ಎಂದು ಸುಮ್ಮನಾದೆ” ಎಂದಳು. 2,495 ರೂಪಾಯಿ ಹೋದದ್ದಕ್ಕಿಂತ ಈ ಮಾತು ನನ್ನನ್ನು ಹೆಚ್ಚು ನೋಯಿಸಿತು. ಎಪ್ಪತ್ತೊಂದು ವರ್ಷದ ಹೆಂಗಸು ನಾಲ್ಕು ತಿಂಗಳು ಇದನ್ನು ಒಳಗೇ ಇಟ್ಟುಕೊಂಡಿದ್ದಾಳೆ. ಅಪ್ಪನ ಹೆಸರಿನಲ್ಲಿ ಬರುವ ಕುಟುಂಬ ಪಿಂಚಣಿಯ ಖಾತೆ ಅದು.

ನಡೆದದ್ದು ಇಷ್ಟು. ಎರಡೆರಡು ನಿಮಿಷದ ಕಂತುಗಳಲ್ಲಿ ಕತೆ ತೋರಿಸುವ ಆಪ್ ಒಂದನ್ನು ಅಮ್ಮ ಹಾಕಿಕೊಂಡಿದ್ದಳು. ಮೊದಲ ಕೆಲವು ಕಂತು ಉಚಿತ. ಕತೆ ಬಿಗಿಯಾಗುವ ಹೊತ್ತಿಗೆ ಬೀಗ ಬೀಳುತ್ತದೆ, ಒಂದು ರೂಪಾಯಿ ಕೊಟ್ಟರೆ ಏಳು ದಿನ ಎಲ್ಲವನ್ನೂ ನೋಡಬಹುದು ಎಂಬ ದೊಡ್ಡ ಗುಂಡಿ ಕಾಣಿಸುತ್ತದೆ. ಏಳು ದಿನ ಕಳೆದ ಮೇಲೆ ತಿಂಗಳಿಗೆ 499 ಎಂಬುದು ಅದರ ಕೆಳಗೆ ಇಂಗ್ಲಿಷಿನಲ್ಲಿ, ಬೂದು ಬಣ್ಣದ ಸಣ್ಣ ಅಕ್ಷರದಲ್ಲಿ. ಅಮ್ಮ ಒಂದು ರೂಪಾಯಿಗೆಂದು ಯುಪಿಐ ಪಿನ್ ಒತ್ತಿದಳು. ಆ ಪಿನ್ ಒಂದು ರೂಪಾಯಿಯನ್ನಷ್ಟೇ ಕೊಡಲಿಲ್ಲ. ಮುಂದಿನ ಕಡಿತಗಳಿಗೂ ಒಪ್ಪಿಗೆ ಕೊಟ್ಟಿತು. ಇದನ್ನು ಆಟೋಪೇ ಮ್ಯಾಂಡೇಟ್ ಎನ್ನುತ್ತಾರೆ. ಒಮ್ಮೆ ಮ್ಯಾಂಡೇಟ್ ಆಯಿತೆಂದರೆ ಸಾಮಾನ್ಯವಾಗಿ 15,000 ರೂಪಾಯಿಯವರೆಗಿನ ಕಂತಿಗೆ ಪ್ರತಿ ಸಲ ಪಿನ್ ಬೇಕಾಗುವುದಿಲ್ಲ. ಮೊದಲು 5,000 ಇದ್ದ ಈ ಮಿತಿಯನ್ನು ರಿಸರ್ವ್ ಬ್ಯಾಂಕ್ 2022ರಲ್ಲಿ ಏರಿಸಿತು.

ಯುಗಾದಿಯ ಹೊತ್ತಿಗೆ ಕತೆ ಬೇಸರ ಬಂದು ಅಮ್ಮ ಆಪ್ ಅಳಿಸಿದಳು. ಅಲ್ಲಿಗೆ ಎಲ್ಲ ಮುಗಿಯಿತು ಎಂದುಕೊಂಡಳು. ಬಹಳ ಜನ ಹಾಗೆಯೇ ಎಂದುಕೊಳ್ಳುತ್ತಾರೆ. ನಮ್ಮ ಸಂಘಕ್ಕೆ ಬರುವ ಓದಿದವರೂ ಹೀಗೆ ಹೇಳುವುದನ್ನು ಕೇಳಿದ್ದೇನೆ. ಆದರೆ ಮ್ಯಾಂಡೇಟ್ ಇರುವುದು ಆಪ್‌ನಲ್ಲಿ ಅಲ್ಲ, ಬ್ಯಾಂಕ್ ಖಾತೆಯ ಮೇಲೆ. ಫೋನೇ ಒಡೆದುಹೋದರೂ ಅದು ಇದ್ದೇ ಇರುತ್ತದೆ. ಏಪ್ರಿಲ್, ಮೇ, ಜೂನ್, ಮೂರು ತಿಂಗಳೂ ಹಣ ಹೋಯಿತು. ಕಡಿತಕ್ಕೆ 24 ಗಂಟೆ ಮೊದಲು ಗ್ರಾಹಕರಿಗೆ ತಿಳಿಸಬೇಕೆಂಬ ನಿಯಮವಿದೆ, ತಿಳಿಸಿಯೂ ಇದ್ದರು. ಓದದೆ ಬಿಟ್ಟ ನಾನೂರಕ್ಕೂ ಹೆಚ್ಚು ಸಂದೇಶಗಳ ನಡುವೆ ಆ ಐದೂ ಇಂಗ್ಲಿಷಿನಲ್ಲಿ ಬಿದ್ದಿದ್ದವು.

ನಾನು ಮೊದಲು ಮಾಡಬೇಕೆಂದುಕೊಂಡದ್ದು ಹಣ ವಾಪಸ್ ಕೇಳುವುದನ್ನು. ಒಂದು ಕ್ಷಣ ತಡೆದು ಯೋಚಿಸಿದೆ. ತೂತು ಮುಚ್ಚದೆ ಕೊಡಕ್ಕೆ ನೀರು ಹೊಯ್ಯುವುದರಲ್ಲಿ ಅರ್ಥವಿಲ್ಲ. ಮೊದಲು ಮ್ಯಾಂಡೇಟ್ ರದ್ದು, ಆಮೇಲೆ ಪತ್ರ ವ್ಯವಹಾರ.

ಅಮ್ಮನ ಯುಪಿಐ ಆಪ್ ತೆರೆದು, ಅವಳ ಚಿತ್ರವಿರುವ ಪ್ರೊಫೈಲ್ ಒತ್ತಿ, ಆಟೋಪೇ ಎಂಬಲ್ಲಿಗೆ ಹೋದೆ. ಹೆಚ್ಚುಕಡಿಮೆ ಎಲ್ಲ ಯುಪಿಐ ಆಪ್‌ಗಳಲ್ಲೂ ಈ ಪಟ್ಟಿ ಇರುತ್ತದೆ. ಅಲ್ಲಿ ಕಂಡ ಹೆಸರು ಕತೆಯ ಆಪ್‌ನದಲ್ಲ, ಅದನ್ನು ನಡೆಸುವ ಕಂಪನಿಯದು. ನಾವು ಕೇಳಿಯೇ ಇರದ ಹೆಸರು. ಮೊತ್ತ ಮತ್ತು ತಾರೀಕನ್ನು ಪಾಸ್‌ಬುಕ್ ಜೊತೆ ತಾಳೆ ನೋಡಿ ಇದೇ ಎಂದು ಖಚಿತಪಡಿಸಿಕೊಂಡೆ. ಒಳಗೆ ಎರಡು ಆಯ್ಕೆ: ತಾತ್ಕಾಲಿಕವಾಗಿ ನಿಲ್ಲಿಸುವುದು, ರದ್ದು ಮಾಡುವುದು. ಮೊದಲನೆಯದನ್ನು ಒತ್ತಿದರೆ ಮ್ಯಾಂಡೇಟ್ ಸಾಯುವುದಿಲ್ಲ, ಮಲಗುತ್ತದೆ ಅಷ್ಟೆ. ರದ್ದು ಒತ್ತಿದೆ. ಪಿನ್ ಕೇಳಿತು.

ಅಮ್ಮ ಕೈ ಹಿಂದಕ್ಕೆ ಎಳೆದುಕೊಂಡಳು. “ಪಿನ್ ಒತ್ತಿದರೆ ಹಣ ಹೋಗುತ್ತದೆ ಎಂದು ನೀನೇ ಹೇಳಿಕೊಟ್ಟಿದ್ದೀಯಲ್ಲ?”

ನಿಜ, ಹೇಳಿಕೊಟ್ಟಿದ್ದೆ. ಹಣ ಬರುವುದಕ್ಕೆ ಪಿನ್ ಬೇಡ, ಯಾರಾದರೂ ಹಣ ಕೊಡುತ್ತೇನೆಂದು ಪಿನ್ ಕೇಳಿದರೆ ಅದು ಮೋಸ ಎಂದು ಹತ್ತಾರು ಸಲ ಹೇಳಿದ್ದೇನೆ, ಈಗಲೂ ಹೇಳುತ್ತೇನೆ. ಆದರೆ ಕೊಟ್ಟ ಒಪ್ಪಿಗೆಯನ್ನು ಹಿಂದಕ್ಕೆ ಪಡೆಯಲೂ ಪಿನ್ ಬೇಕು, ಏಕೆಂದರೆ ಖಾತೆಯ ಯಜಮಾನರೇ ಅದನ್ನು ಮಾಡುತ್ತಿದ್ದಾರೆ ಎಂದು ಬ್ಯಾಂಕಿಗೆ ತಿಳಿಯಬೇಕಲ್ಲ. ಪರದೆಯ ಮೇಲಿನ ಪ್ರತಿ ಸಾಲನ್ನೂ ಕನ್ನಡದಲ್ಲಿ ಓದಿ ಹೇಳಿದೆ. ಅವಳೇ ಪಿನ್ ಒತ್ತಿದಳು. ರದ್ದಾಗಿದೆ ಎಂಬ ಸಂದೇಶ ಬಂತು, ಅದರ ಸ್ಕ್ರೀನ್‌ಶಾಟ್ ತೆಗೆದಿಟ್ಟೆ. ಈ ಇಡೀ ವ್ಯವಹಾರದಲ್ಲಿ ಮುಂದೆ ನನಗೆ ಹೆಚ್ಚು ಉಪಯೋಗಕ್ಕೆ ಬಂದದ್ದು ಆ ಒಂದು ಚಿತ್ರ.

ಅದೇ ಕೈಯಲ್ಲಿ ನನ್ನ ಫೋನನ್ನೂ ನೋಡಿಕೊಂಡೆ. ನನ್ನದರಲ್ಲಿ ಯುಪಿಐ ಪಟ್ಟಿ ಸ್ವಚ್ಛವಾಗಿತ್ತು, ಆದರೆ ಗೂಗಲ್ ಪ್ಲೇಸ್ಟೋರ್‌ನ ಚಂದಾದಾರಿಕೆಗಳ ಪಟ್ಟಿಯಲ್ಲಿ ಕಾಗದ ಸ್ಕ್ಯಾನ್ ಮಾಡುವ ಆಪ್ ಒಂದು ಹಿಂದಿನ ದಿನವಷ್ಟೇ ವರ್ಷಕ್ಕೆ ನವೀಕರಣವಾಗಿತ್ತು. ಇದು ಬೇರೆ ದಾರಿ. ಪ್ಲೇಸ್ಟೋರ್ ಮೂಲಕ ಕೊಂಡದ್ದನ್ನು ಪ್ಲೇಸ್ಟೋರ್‌ನಲ್ಲೇ ರದ್ದು ಮಾಡಬೇಕು. ಖರೀದಿಯಾಗಿ 48 ಗಂಟೆಯೊಳಗಿದ್ದರೆ ಗೂಗಲ್ಲಿಗೇ ಮರುಪಾವತಿ ಕೇಳಬಹುದು. ತಡವಾದರೆ ಸಾಮಾನ್ಯವಾಗಿ ಆಪ್ ಮಾಡಿದವರನ್ನೇ ಕೇಳಿ ಎನ್ನುತ್ತಾರೆ. ರದ್ದು ಮಾಡಿದ ಮಾತ್ರಕ್ಕೆ ಹಣ ಬರುವುದಿಲ್ಲ, ಅದನ್ನು ಪ್ರತ್ಯೇಕವಾಗಿ ಕೇಳಬೇಕು. ನಾನು ‘ಜಿಪಿಎ’ ಎಂದು ಆರಂಭವಾಗುವ ಆರ್ಡರ್ ಸಂಖ್ಯೆಯನ್ನು ಇಮೇಲಿನಿಂದ ತೆಗೆದು, ನವೀಕರಣ ಬೇಕಿರಲಿಲ್ಲ, ಬಳಸಿಲ್ಲ ಎಂದು ಎರಡು ಸಾಲು ಬರೆದೆ. ಎರಡು ದಿನದಲ್ಲಿ ಒಪ್ಪಿಗೆ ಬಂತು. ಫೋನಿನಲ್ಲಿ ಎರಡು ಜಿಮೇಲ್ ಖಾತೆ ಇರುವವರು ಎರಡನ್ನೂ ಬದಲಿಸಿ ನೋಡಬೇಕು, ಕೊಂಡ ಖಾತೆಯಲ್ಲಿ ಮಾತ್ರ ಅದು ಕಾಣುತ್ತದೆ. ಬೆಂಗಳೂರಿನಲ್ಲಿರುವ ತಂಗಿಯದು ಐಫೋನ್. ಅವಳಿಗೆ ಸೆಟ್ಟಿಂಗ್ಸ್‌ನಲ್ಲಿ ತನ್ನ ಹೆಸರು ಒತ್ತಿ ಚಂದಾದಾರಿಕೆಗಳನ್ನು ನೋಡಲು ಹೇಳಿದೆ; ಮರುಪಾವತಿಗೆ ಆಪಲ್‌ನವರದ್ದೇ ‘ರಿಪೋರ್ಟ್ ಎ ಪ್ರಾಬ್ಲಮ್’ ಎಂಬ ಪುಟ ಇದೆ.

ಅಮ್ಮನದು ಇಷ್ಟು ಸುಲಭವಾಗಲಿಲ್ಲ. ಹಣ ಪ್ಲೇಸ್ಟೋರ್ ದಾರಿಯಲ್ಲಿ ಹೋಗದೆ ನೇರ ಕಂಪನಿಗೆ ಹೋಗಿದ್ದರಿಂದ ಗೂಗಲ್ಲನ್ನು ಕೇಳುವಂತಿರಲಿಲ್ಲ. ಬ್ಯಾಂಕಿಗೆ ಹೋದೆ. ಗ್ರಾಹಕರೇ ಪಿನ್ ಒತ್ತಿ ಒಪ್ಪಿದ್ದಾರೆ, ಇದನ್ನು ವಂಚನೆ ಎಂದು ದಾಖಲಿಸಲು ಬರುವುದಿಲ್ಲ ಎಂದರು. ಅವರ ಮಾತಿನಲ್ಲಿ ತಪ್ಪಿಲ್ಲ ಎಂದು ನನಗೂ ಅನ್ನಿಸಿತು.

ಮನೆಗೆ ಬಂದು ಕಂಪನಿಯ ಗ್ರಾಹಕ ಸೇವೆಯ ದೂರವಾಣಿ ಸಂಖ್ಯೆಯನ್ನು ಅಂತರ್ಜಾಲದಲ್ಲಿ ಹುಡುಕಿದೆ. ಇಲ್ಲಿ ನಾನು ದೊಡ್ಡ ಹಾನಿಯ ಅಂಚಿನವರೆಗೆ ಹೋಗಿ ಬಂದೆ, ಆದ್ದರಿಂದ ಒತ್ತಿ ಹೇಳುತ್ತೇನೆ. ಮೊದಲು ಸಿಕ್ಕ ಸಂಖ್ಯೆಗೆ ಕರೆ ಮಾಡಿದರೆ ಬಹಳ ವಿನಯದ ದನಿಯೊಂದು ಹಣ ಈಗಲೇ ವಾಪಸ್ ಹಾಕುತ್ತೇನೆ ಎಂದಿತು. ಒಂದು ಆಪ್ ಹಾಕಿಕೊಳ್ಳಿ, ನಿಮ್ಮ ಪರದೆ ನನಗೆ ಕಾಣಬೇಕು ಎಂದಾಗ ಎದೆ ಝಲ್ಲೆಂದಿತು. ಕರೆ ತುಂಡರಿಸಿದೆ. ಅಂಥ ಆಪ್ ಹಾಕಿದ್ದರೆ ನಾವು ಒತ್ತುವ ಪ್ರತಿ ಅಂಕಿಯೂ ಅವನಿಗೆ ಕಾಣುತ್ತಿತ್ತು. ಕಳೆದ ಹಣ ಹುಡುಕಿಕೊಂಡು ಬರುವವರಿಗೆಂದೇ ಇಂಥ ಸಂಖ್ಯೆಗಳನ್ನು ಹರಡಿರುತ್ತಾರೆ. ಕಂಪನಿಯ ವಿಳಾಸ ಬೇಕಿದ್ದರೆ ಪ್ಲೇಸ್ಟೋರ್‌ನಲ್ಲಿ ಆ ಆಪ್‌ನ ಪುಟದ ಕೆಳಗೆ ಬೆಂಬಲದ ಇಮೇಲ್ ಇರುತ್ತದೆ. ಆಪ್ ಅಳಿಸಿದ್ದರೂ ಆ ಪುಟ ಸಿಗುತ್ತದೆ. ನಾನು ಅಲ್ಲಿಂದಲೇ ತೆಗೆದುಕೊಂಡೆ.

ಪತ್ರವನ್ನು ಲೆಕ್ಕದ ಕಾಗದದಂತೆ ಬರೆದೆ. ನೋಂದಾಯಿಸಿದ ಮೊಬೈಲ್ ಸಂಖ್ಯೆ, ಐದು ಕಡಿತದ ತಾರೀಕು, ಪ್ರತಿಯೊಂದರ ಹನ್ನೆರಡು ಅಂಕಿಯ ಯುಪಿಐ ಉಲ್ಲೇಖ ಸಂಖ್ಯೆ, ಮ್ಯಾಂಡೇಟ್ ರದ್ದಾದ ಚಿತ್ರ. ಸಿಟ್ಟಿನ ಒಂದು ಪದವನ್ನೂ ಹಾಕಲಿಲ್ಲ. ಮರುದಿನವೇ ಉತ್ತರ ಬಂತು: ನಮ್ಮ ನೀತಿಯ ಪ್ರಕಾರ ಮರುಪಾವತಿ ಇಲ್ಲ. ಯಾರೂ ಓದಿದಂತಿರಲಿಲ್ಲ, ಹೆಸರನ್ನೂ ಬಿಟ್ಟು ‘ಪ್ರಿಯ ಗ್ರಾಹಕರೆ’ ಎಂದಷ್ಟೇ ಇತ್ತು.

ಎರಡನೆಯ ಪತ್ರದಲ್ಲಿ ನನ್ನ ಬೇಡಿಕೆಯನ್ನು ಕಿರಿದು ಮಾಡಿದೆ. ಮಾರ್ಚ್ ಕೊನೆಯ ನಂತರ ಈ ಸಂಖ್ಯೆಯಿಂದ ಒಂದೇ ಒಂದು ಕಂತನ್ನಾದರೂ ನೋಡಿದ ದಾಖಲೆ ನಿಮ್ಮಲ್ಲಿದೆಯೇ, ಪರಿಶೀಲಿಸಿ ಎಂದು ಕೇಳಿದೆ. ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು ಅಧಿಸೂಚಿಸಿದ ಮಾರ್ಗಸೂಚಿಯನ್ನೂ ಉಲ್ಲೇಖಿಸಿದೆ. ಗ್ರಾಹಕರನ್ನು ದಾರಿ ತಪ್ಪಿಸುವ ಹದಿಮೂರು ಬಗೆಯ ವಿನ್ಯಾಸಗಳನ್ನು ಅದು ಪಟ್ಟಿ ಮಾಡಿದೆ; ಅವುಗಳಲ್ಲಿ ಒಂದು ಚಂದಾದಾರಿಕೆಯ ಬಲೆ. ರದ್ದು ಮಾಡುವ ಆಯ್ಕೆಯನ್ನು ಅಡಗಿಸುವುದು, ರದ್ದು ಮಾಡುವ ಸೂಚನೆಯನ್ನು ಗೊಂದಲಗೊಳಿಸುವುದು, ಉಚಿತ ಚಂದಾಕ್ಕೂ ಆಟೋಪೇ ಒಪ್ಪಿಗೆ ಕೊಡಲೇಬೇಕೆನ್ನುವುದು ಎಲ್ಲವೂ ಅದರಡಿ ಬರುತ್ತವೆ. ಅಮ್ಮನದು ಉಚಿತವಲ್ಲ, ಒಂದು ರೂಪಾಯಿಯದು. ಅದನ್ನು ಮುಚ್ಚಿಡದೆ ಹಾಗೆಯೇ ಬರೆದೆ. ಉಳಿದ ಎರಡು ಅಂಶ ಸಾಕಿತ್ತು.

ಒಂದು ವಾರ ಉತ್ತರವಿಲ್ಲ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿದೆ. ಕನ್ನಡದಲ್ಲೇ ಮಾತನಾಡಿದರು, ಎಲ್ಲ ಬರೆದುಕೊಂಡು ದೂರಿನ ಸಂಖ್ಯೆ ಕೊಟ್ಟರು. ಅವರು ನ್ಯಾಯಾಲಯವಲ್ಲ, ಕಂಪನಿಯ ಮುಂದೆ ದೂರನ್ನು ಇಟ್ಟು ಉತ್ತರ ಕೇಳುವವರು. ಒಪ್ಪಂದವಾಗದಿದ್ದರೆ ಜಿಲ್ಲಾ ಗ್ರಾಹಕ ಆಯೋಗವಿದೆ. ಕೊಟ್ಟ ಹಣ ಐದು ಲಕ್ಷ ರೂಪಾಯಿಯೊಳಗಿದ್ದರೆ ಅಲ್ಲಿ ಶುಲ್ಕವಿಲ್ಲ, ಘಟನೆ ನಡೆದು ಎರಡು ವರ್ಷದೊಳಗೆ ಹೋಗಬೇಕು. ಅಷ್ಟು ದೂರ ಹೋಗಲೂ ನಾನು ಮನಸ್ಸು ಗಟ್ಟಿ ಮಾಡಿಕೊಂಡಿದ್ದೆ. ಮೊತ್ತ ಸಣ್ಣದು, ಬಿಟ್ಟುಬಿಡಿ ಎಂದು ಕಚೇರಿಯಲ್ಲಿ ಹೇಳಿದವರಿದ್ದರು. 499 ಅಮ್ಮನಿಗೆ ಸಣ್ಣದಲ್ಲ. ಅವಳ ತಿಂಗಳ ರಕ್ತದೊತ್ತಡದ ಮಾತ್ರೆಗೆ ಅಷ್ಟು ಬೇಕಾಗುವುದಿಲ್ಲ. ಸಣ್ಣದೆಂದು ಜನ ಬಿಡುತ್ತಾರೆ ಎಂಬ ಲೆಕ್ಕದ ಮೇಲೆಯೇ ಇಂಥ ವ್ಯಾಪಾರ ನಿಂತಿದೆ ಎಂಬುದು ನನ್ನ ನಂಬಿಕೆ.

ಹನ್ನೊಂದನೆಯ ದಿನ ಕಂಪನಿಯಿಂದ ಇಮೇಲ್ ಬಂತು, ಈ ಸಲ ಅಮ್ಮನ ಹೆಸರಿನೊಂದಿಗೆ. ಏಪ್ರಿಲ್‌ನಿಂದ ಬಳಕೆಯ ದಾಖಲೆ ಇಲ್ಲದಿರುವುದರಿಂದ ಮೂರು ತಿಂಗಳ ಹಣ, ಅಂದರೆ 1,497 ರೂಪಾಯಿ, ಹಿಂದಿರುಗಿಸುತ್ತೇವೆ ಎಂದಿತ್ತು. ಉಳಿದ 998ಕ್ಕೆ ಪಟ್ಟು ಹಿಡಿಯೋಣವೇ ಎಂದು ಅಮ್ಮನನ್ನು ಕೇಳಿದೆ. ಅವಳು ಪೊರಕೆಯ ಕಡ್ಡಿ ಗೀರುವುದನ್ನು ನಿಲ್ಲಿಸಿ ತಲೆಯೆತ್ತಿದಳು. “ಆ ಎರಡು ತಿಂಗಳು ನಾನು ಕತೆ ನೋಡಿದ್ದೇನಲ್ಲ. ಅದು ಅವರಿಗೆ ಸೇರಿದ್ದು. ನೋಡದೇ ಇದ್ದುದಷ್ಟು ಬಂದರೆ ಸಾಕು.” ಮೋಸದ ಗುಂಡಿಯಿಂದ ಬಂದ ಚಂದಾ ಅದು, ಬಿಡಬಾರದು ಎಂದು ನನಗೆ ಅನ್ನಿಸುತ್ತಿತ್ತು, ಇಂದಿಗೂ ಅನ್ನಿಸುತ್ತದೆ. ಆದರೆ ಖಾತೆ ಅವಳದು, ತೀರ್ಮಾನವೂ ಅವಳದು.

ನಾಲ್ಕು ದಿನದಲ್ಲಿ ಹಣ ಜಮೆಯಾಯಿತು. ಅಮ್ಮ ತಾನೇ ಬ್ಯಾಂಕಿಗೆ ಹೋಗಿ ಪಾಸ್‌ಬುಕ್ ಮುದ್ರಿಸಿಕೊಂಡು ಬಂದಳು. ಸಂಜೆ ನಾನು ಮನೆಗೆ ಬಂದಾಗ ಕನ್ನಡಕ ಹಾಕಿಕೊಂಡು, ನನ್ನ ಮಗನ ಕಂಪಾಸ್ ಪೆಟ್ಟಿಗೆಯ ರಬ್ಬರ್ ಹಿಡಿದು ಹಳೆಯ ಪುಟದ ಮೇಲೆ ಬಾಗಿದ್ದಳು. ಏಪ್ರಿಲ್, ಮೇ, ಜೂನ್‌ನ ಗುರುತುಗಳನ್ನು ಒಂದೊಂದಾಗಿ ಅಳಿಸಿದಳು. ಫೆಬ್ರುವರಿ ಮತ್ತು ಮಾರ್ಚ್‌ನದನ್ನು ಹಾಗೆಯೇ ಬಿಟ್ಟು ಪುಸ್ತಕ ಮುಚ್ಚಿದಳು.