ಡಬಲ್ ಮಾಡು, ಸೇರಿಸು: ಬೈನರಿ ಲೆಕ್ಕ ಕೊನೆಗೂ ಕೈಹಿಡಿದ ಬಗೆ

ದಾವಣಗೆರೆಯಲ್ಲಿ ಡಿಪ್ಲೊಮಾ ಮಕ್ಕಳಿಗೆ ಡಿಜಿಟಲ್ ಎಲೆಕ್ಟ್ರಾನಿಕ್ಸ್ ಟ್ಯೂಷನ್ ಹೇಳಿಕೊಡಲು ಶುರು ಮಾಡಿ ಹತ್ತಿರ ಹತ್ತಿರ ಹತ್ತು ವರ್ಷ. ಬರೀ 0, 1ರಲ್ಲಿ ಬರೆಯುವ ಬೈನರಿ ಸಂಖ್ಯೆಯನ್ನು ನಾವು ದಿನಾ ಬಳಸುವ ಡೆಸಿಮಲ್‌ಗೆ ತರುವುದು ಮೊದಲ ವಾರದ ಪಾಠ. ಬಲಗಡೆಯಿಂದ ಸ್ಥಾನಬೆಲೆ 1, 2, 4, 8 ಅಂತ ಡಬಲ್ ಆಗುತ್ತಾ ಹೋಗುತ್ತದೆ, 1 ಇರುವ ಕಡೆಯ ಬೆಲೆಗಳನ್ನಷ್ಟೇ ಕೂಡಬೇಕು. ಆದರೆ ಸೆಮಿಸ್ಟರ್ ಮುಗಿಯುವವರೆಗೂ ಮಾರ್ಕ್ಸ್ ಹೋಗುತ್ತಿದ್ದದ್ದು ಅಲ್ಲೇ. 10110111 ಕೊಟ್ಟರೆ 183 ಬರಬೇಕು. ಅರ್ಧ ಕ್ಲಾಸ್ 237 ಬರೆಯುತ್ತಿತ್ತು. 1, 2, 4, 8 ಅಂತ ಎಡಗಡೆಯಿಂದ ಬರೆದುಕೊಂಡು ಬಂದರೆ ಸಿಗುವ ಉತ್ತರ ಅದು. ಬಲಗಡೆಯಿಂದ ಸರಿಯಾಗಿ ಬರೆದವರೂ ಕೂಡುವಾಗ ದಶಕ ಬಿಟ್ಟು 173 ಮಾಡುತ್ತಿದ್ದರು.

ಮೊದಲು ದಪ್ಪ ಕಾಗದದ ಮೇಲೆ 128, 64, 32 ಹೀಗೆ 1ರವರೆಗೆ ಸ್ಥಾನಬೆಲೆಯ ಕಾರ್ಡ್ ಮಾಡಿಸಿದೆ. ಮೂವತ್ತು ಸೆಟ್, ಸುಮಾರು 900 ರೂಪಾಯಿ. ಕಾರ್ಡ್ ಇದ್ದಾಗ ಎಲ್ಲರೂ ಸರಿ. ಪರೀಕ್ಷೆಗೆ ಕಾರ್ಡ್ ಒಯ್ಯೋಕಾಗಲ್ಲ, ಅಲ್ವಾ? ಆಮೇಲೆ ಬೆಂಗಳೂರಿನ ಎಸ್.ಪಿ. ರಸ್ತೆಯಿಂದ ಸಾಮಾನು ತಂದು ಎಂಟು ಸ್ವಿಚ್ಚಿನ ಬೋರ್ಡ್ ಕಟ್ಟಿದೆ. ಬಸ್ ಚಾರ್ಜ್ ಸೇರಿ 2,500 ಆಗಿರಬೇಕು. ಸ್ವಿಚ್ ಒತ್ತಿದರೆ ಡಿಸ್‌ಪ್ಲೇಯಲ್ಲಿ ಉತ್ತರ. ಲೆಕ್ಕ ಬೋರ್ಡ್ ಮಾಡಿತು, ಮಕ್ಕಳು ನೋಡಿದರು, ಅಷ್ಟೇ. ಆ ವರ್ಷ ಇಬ್ಬರ ಮನೆಯವರು ಫೀಸ್ ವಾಪಸ್ ಕೇಳಿದರು. ಕೊಟ್ಟೆ. ನಾಲ್ಕು ಸಾವಿರದ ಹತ್ತಿರ ಹೋಯಿತು.

ಆಗ ಸ್ಥಾನಬೆಲೆ ಬಿಟ್ಟು ಡಬಲ್ ಮಾಡುವ ದಾರಿಗೆ ಬಂದೆ. ಎಡಗಡೆಯ 1ರಿಂದ ಹೊರಡಬೇಕು. ಕೈಯಲ್ಲಿರುವುದನ್ನು ಡಬಲ್ ಮಾಡಿ ಮುಂದಿನ ಬಿಟ್, ಅಂದರೆ ಮುಂದಿನ 0 ಅಥವಾ 1, ಸೇರಿಸಬೇಕು. ಬಾಯಲ್ಲಿ ಹೀಗೆ ಬರುತ್ತದೆ: ಒಂದು, ಎರಡು, ಐದು, ಹನ್ನೊಂದು, ಇಪ್ಪತ್ತೆರಡು, ನಲವತ್ತೈದು, ತೊಂಬತ್ತೊಂದು, ನೂರಾ ಎಂಬತ್ಮೂರು. ಮಗ್ಗಿ ಹೇಳಿದ ಹಾಗೆ.

ಇದೂ ಮೊದಲ ಸಲ ಕೈಕೊಟ್ಟಿತು. ಕೊನೆಯ ಬಿಟ್ ಸೇರಿಸಿದ ಮೇಲೂ ಇನ್ನೊಂದು ಸಲ ಡಬಲ್ ಮಾಡಿ 366 ಬರೆದರು. ಸಾಲಾಗಿ ಮೂರು 1 ಬಂದಲ್ಲಿ ಒಂದನ್ನು ನುಂಗಿದರು. ಒಂದು ಹುಡುಗಿ ಹೇಗೆ ತಪ್ಪುತ್ತಾಳೆ ಅಂತ ಪಕ್ಕದಲ್ಲೇ ಕೂತು ನೋಡಿದೆ. ಪೆನ್ನು ಒಂದು ಬಿಟ್ ಮೇಲಿತ್ತು, ಬಾಯಿ ಮುಂದಿನದಕ್ಕೆ ಹೋಗಿತ್ತು. ಸ್ಕೇಲ್ ಕೊಟ್ಟು ಬಲಗಡೆಯದನ್ನೆಲ್ಲ ಮುಚ್ಚಿಸಿದೆ. ಒಂದು ಬಿಟ್ ತೆರೆದರೆ ಒಂದೇ ಡಬಲ್. ತೆರೆಯಲು ಏನೂ ಉಳಿಯದಿದ್ದರೆ ಲೆಕ್ಕ ಮುಗಿಯಿತು. ಖರ್ಚು ಒಂದು ಹತ್ತು ರೂಪಾಯಿ ಸ್ಕೇಲ್.

ಜೊತೆಗೆ ಪಾಠ ಮಾಡುವ ಹಿರಿಯ ಮೇಷ್ಟ್ರು ಒಪ್ಪಲಿಲ್ಲ. "ಸ್ಥಾನಬೆಲೆ ತೋರಿಸದಿದ್ರೆ ಮಾರ್ಕ್ಸ್ ಯಾರ್ರೀ ಕೊಡ್ತಾರೆ?" ಅಂದರು. ಆ ಮಾತು ಸರಿಯೇ. ಅದಕ್ಕೆ ಉತ್ತರಪತ್ರಿಕೆಯಲ್ಲಿ ಸ್ಥಾನಬೆಲೆಯಲ್ಲೇ ಬರೆಸುತ್ತೇನೆ, ಡಬಲ್ ಮಾಡಿ ತಾಳೆ ನೋಡಿಸುತ್ತೇನೆ. ಒಂದು ಬಲದಿಂದ, ಒಂದು ಎಡದಿಂದ. ಎರಡರಲ್ಲೂ ಒಂದೇ ತಪ್ಪು ಬೀಳುವುದು ತೀರಾ ಅಪರೂಪ. ಹೋದ ಬ್ಯಾಚಿನಲ್ಲಿ ಹದಿನೆಂಟು ಜನ. ಇಪ್ಪತ್ತು ಲೆಕ್ಕ ಕೊಟ್ಟೆ. ಹದಿನೈದು ಜನರದ್ದಾದರೂ ಇಪ್ಪತ್ತಕ್ಕೆ ಇಪ್ಪತ್ತು. ಒಂದು ಲೆಕ್ಕಕ್ಕೆ ಮುಕ್ಕಾಲು ನಿಮಿಷ ಬೇಕಿದ್ದವರಿಗೆ ಈಗ ಹತ್ತು-ಹನ್ನೆರಡು ಸೆಕೆಂಡ್ ಸಾಕು. ನಮ್ಮ ಕಡೆ ಇಷ್ಟು ಬೇಗ ಮಾಡಿಸಿದವರನ್ನು ನಾನಂತೂ ನೋಡಿಲ್ಲ.

ಇನ್ನೊಂದು ಸುಮ್ನೆ ಮಾಡಿ ನೋಡಿದ್ದು. ಹೈಸ್ಕೂಲಿನ ಲಘು-ಗುರು ನೆನಪಿದೆಯಲ್ಲ? ಮೂರಕ್ಷರದ ಗಣಗಳ ಪ್ರಸ್ತಾರದಲ್ಲಿ, ಅಂದರೆ ಎಂಟೂ ಗಣಗಳನ್ನು ಕ್ರಮವಾಗಿ ಬರೆದ ಪಟ್ಟಿಯಲ್ಲಿ, ಒಂದು ಗಣ ಎಷ್ಟನೆಯದು ಅಂತ ತಿಳಿಯಲು ಹಳೆಯ ಸಂಸ್ಕೃತ ಛಂದಸ್ಸಿನ ಪಿಂಗಳನೇ ಇಂಥದ್ದೇ ಡಬಲ್ ಮಾಡುವ ದಾರಿ ಹೇಳಿದ್ದಾನೆ. ಬಲಗಡೆಯ ಮೊದಲ ಲಘುವಿಗೆ 1 ಇಟ್ಟು ಡಬಲ್ ಮಾಡುತ್ತಾ ಎಡಕ್ಕೆ ಬರಬೇಕು. ಗುರು ಸಿಕ್ಕಲ್ಲಿ ಡಬಲ್ ಮಾಡಿ ಒಂದು ಕಳೆಯಬೇಕು. ಜಗಣ ಅಂದರೆ ಲಘು-ಗುರು-ಲಘು. ಲಘುವಿಗೆ 2, ಗುರುವಿಗೆ 4ರಲ್ಲಿ ಒಂದು ಕಳೆದು 3, ಮತ್ತೆ ಲಘುವಿಗೆ 6. ಮ, ಯ, ರ, ಸ, ತ, ಜ ಅಂತ ಎಣಿಸಿ ನೋಡಿ, ಆರನೆಯದೇ. ಆ ಸಂಜೆ ನನಗಾದ ಖುಷಿ ಹೇಳತೀರದು.

16 ಬಿಟ್‌ಗೆ ಮಾತ್ರ ನೇರ ಡಬಲ್ ಬೇಡ. ಸಾವಿರ ದಾಟಿದ ಮೇಲೆ ಮಕ್ಕಳು ಜಾರುತ್ತಾರೆ. ಎಂಟೆಂಟಾಗಿ ಒಡೆದು, ಎಡದ್ದನ್ನು 256ರಿಂದ ಗುಣಿಸಿ, ಬಲದ್ದನ್ನು ಕೂಡಿಸುತ್ತೇವೆ. 00000101 00010010 ಅಂದರೆ 5 ಮತ್ತು 18, ಒಟ್ಟು 1298. ಆ 256ರ ಗುಣಾಕಾರವನ್ನು ಪೆನ್ನು ಮುಟ್ಟದೆ ಮಾಡಿಸಲು ಒಂದು ಉಪಾಯವಿದೆ. ಅದನ್ನು ಸದ್ಯಕ್ಕೆ ನನ್ನ ಬ್ಯಾಚಿನವರಿಗೇ ಇಟ್ಟುಕೊಂಡಿದ್ದೇನೆ.