ಹುಡುಗ ಒಬ್ಬ, ಅಕೌಂಟ್ ಎರಡು: ಹದಿಹರೆಯದ ಸೀರಿಯಲ್‌ಗೆ ದೃಶ್ಯ ಬರೆಯುವ ಬಗೆ

ಕಥೆ ಧಾರವಾಡದ್ದು ಅಂದುಕೊಳ್ಳೋಣ. ಸಪ್ತಾಪುರದ ಪಿಜಿ, ರೂಮಿಗೆ ಮೂರು ಮಂಚ, ರೋಣದ ಕಡೆಯಿಂದ ನೀಟ್ ಕೋಚಿಂಗ್‌ಗೆ ಬಂದ 17ರ ಹುಡುಗ. ಅವನ ಇನ್‌ಸ್ಟಾಗ್ರಾಂ ವೇಷಕ್ಕೆ ಕೈಹಾಕುವ ಮುಂಚೆ, ಆ ರೂಮಿನಲ್ಲಿ ಅವನು ಬಾಯಿಬಿಟ್ಟು ಹೇಳಲಾರದ ಮೂರು ಸಂಗತಿ ಬರೆದುಕೊಳ್ಳಿ: ಟೆಸ್ಟಿನಲ್ಲಿ 720ಕ್ಕೆ 190 ಬಂದದ್ದು, ಡಾಕ್ಟರ್ ಆಗಲು ಮನಸ್ಸೇ ಇಲ್ಲದ್ದು, ಪಕ್ಕದ ಮಂಚದವನ ಬೂಟಿನ ಮೇಲೆ ಕಣ್ಣಿರುವುದು. ಎರಡನೇ ಅಕೌಂಟ್ ಹುಟ್ಟುವುದು ಇಲ್ಲಿಂದ. ಬರೀ ‘ಫೇಕ್ ಐಡಿ’ ಅಂತ ಬರೆದರೆ ಅವನು ಮೋಸಗಾರನಾಗಿ ಉಳಿಯುತ್ತಾನೆ, ಅಷ್ಟೇ.

ವೇಷ ಯಾಕೆ ಅನ್ನುವುದನ್ನೂ ಮೊದಲೇ ತೀರ್ಮಾನಿಸಿ. ಅಮೆರಿಕದ ಎಚ್‌ಬಿಒ ಚಾನೆಲ್‌ನಲ್ಲಿ 2019ರಲ್ಲಿ ಶುರುವಾದ ಹದಿಹರೆಯದವರ ಸೀರಿಯಲ್ ‘ಯೂಫೋರಿಯಾ’ದಲ್ಲಿ ನೇಟ್ ಎಂಬ ಹುಡುಗ ‘ಟೈಲರ್’ ಎಂಬ ಹೆಸರಿನಲ್ಲಿ ಜೂಲ್ಸ್‌ಗೆ ಮೆಸೇಜ್ ಮಾಡಿ ಅವಳನ್ನು ಸಿಕ್ಕಿಸುತ್ತಾನೆ. ಅದೇ ಸೀರಿಯಲ್‌ನ ಇನ್ನೊಬ್ಬ ಹುಡುಗಿ ಕ್ಯಾಟ್ ಮುಖ ಮರೆಮಾಡುವುದು ಶಾಲೆಯಲ್ಲಿ ಸಿಗದ ಧೈರ್ಯಕ್ಕಾಗಿ. ಎರಡನ್ನೂ ಒಬ್ಬನಿಗೇ ಹೊರಿಸಿದರೆ ಪಾತ್ರ ಕಲಸುಮೇಲೋಗರ.

ಇನ್ನು ಭಾಷೆ; ನಮ್ಮ ಕಡೆಯ ಕಥೆಗೆ ಇದೇ ದೊಡ್ಡ ಬಂಡವಾಳ. ಫೋನಿನಲ್ಲಿ ಅವ್ವನಿಗೆ “ಹ್ಞೂಂ ಬೇ, ಉಂಡೆ” ಅನ್ನುವವನು ಅಕೌಂಟಿನಲ್ಲಿ ಬೆಂಗಳೂರಿನವನಾಗಿರುತ್ತಾನೆ. ರಾತ್ರಿ ಯಾರೋ ಕೆಣಕುತ್ತಾರೆ. “ಯಾಕಲೇ” ಅಂತ ಟೈಪ್ ಮಾಡುತ್ತಾನೆ, ಬೆರಳು ನಿಲ್ಲುತ್ತದೆ, ಒಂದೊಂದೇ ಅಕ್ಷರ ಅಳಿಸುತ್ತಾನೆ, “ಯಾಕೆ ಬ್ರೋ” ಅಂತ ಕಳಿಸುತ್ತಾನೆ. ಹಿನ್ನೆಲೆ ಸಂಗೀತ ಬೇಡ. ಮುಂದೆ ಒಂದು ಎಪಿಸೋಡಿನಲ್ಲಿ ಅಳಿಸಲು ಮರೆಯಲಿ, ಅಲ್ಲೇ ಸಿಕ್ಕಿಬೀಳುತ್ತಾನೆ.

ಇನ್ನು ಹುಡುಗನ ಚಟ. ಚಟ ಅಂದಕೂಡಲೇ ಹೊಗೆ, ನೇರಳೆ ಲೈಟು, ಸ್ಲೋ ಮೋಷನ್ ಹಾಕುವುದು ಮಾಮೂಲಿ ತಪ್ಪು. ನೋಡುವ ಹುಡುಗರಿಗೆ ಅದು ಜಾಹೀರಾತಾಗುತ್ತದೆ. ಏನು, ಎಷ್ಟು, ಹೇಗೆ ತಗೊಂಡ ಅನ್ನುವುದನ್ನು ಬಿಟ್ಟು ಲೆಕ್ಕ ತೋರಿಸಿ. ಯೂಫೋರಿಯಾದ ಎರಡನೇ ಸೀಸನ್‌ನಲ್ಲಿ ಕಥೆಯನ್ನು ಎಳೆಯುವುದು 10,000 ಡಾಲರ್ ಬೆಲೆಯ ಡ್ರಗ್ಸ್ ತುಂಬಿದ ಸೂಟ್‌ಕೇಸು, ಅದರ ಸಾಲ. ನಮ್ಮ ಹುಡುಗನಿಗೆ ಫೋನ್‌ಪೇ ಹಿಸ್ಟರಿ ಸಾಕು: ರಾತ್ರಿ 11:40ಕ್ಕೆ 200, ಮರುದಿನ 200, ಶನಿವಾರ 500, ಆಮೇಲೆ ರೂಮ್‌ಮೇಟ್‌ನಿಂದ ಬಂದ 1,000. ಮೆಸ್ ಬಿಲ್ ಬಾಕಿ.

ಚಟ ಬಿಡಿಸುವ ದೃಶ್ಯದಲ್ಲಿ ಎಲ್ಲರೂ ಒಂದೇ ಥರ ಗಡಗಡ ನಡುಗಬಾರದು. ಕುಡಿತ ನಿಂತರೆ ಕೈನಡುಕ, ಬೆವರು. ಅಫೀಮಿನ ಜಾತಿಯವಕ್ಕೆ ಆಕಳಿಕೆ, ಮೂಗು ಸೋರುವುದು, ಮೈ ಜುಮ್ಮೆನ್ನುವುದು, ಭೇದಿ. ಗಾಂಜಾಕ್ಕೆ ಸಿಡುಕು, ನಿದ್ದೆಗೇಡು, ಊಟ ಸೇರದಿರುವುದು. ಬರೆದದ್ದನ್ನು ಡಿಮ್ಹಾನ್ಸ್ ಎಂಬ ಮಾನಸಿಕ ಆರೋಗ್ಯದ ಆಸ್ಪತ್ರೆಯ ಡಾಕ್ಟರರಿಗೊಮ್ಮೆ ಓದಿಸಿ, ಧಾರವಾಡದಲ್ಲೇ ಇದೆ. ಆಸ್ಪತ್ರೆಯಿಂದ ಬಂದವನು ಮತ್ತೆ ಜಾರುವುದಕ್ಕೂ ಒಂದು ಎಪಿಸೋಡ್ ಇಡಿ. ಕೊನೆಯ ಕಾರ್ಡಿನಲ್ಲಿ ಟೆಲಿ ಮಾನಸ್ ಸಹಾಯವಾಣಿ 14416 ಬರಲಿ.

ನಟರು 18 ದಾಟಿರಲಿ. ಯೂಫೋರಿಯಾ ಶುರುವಾದಾಗ ಅದರ ನಾಯಕಿ ಝೆಂಡಾಯಾಗೆ 22.

ಮೊಬೈಲ್ ಸ್ಕ್ರೀನ್ ಶೂಟ್ ಮಾಡುವಾಗ ಸೆಕೆಂಡಿಗೆ 25 ಫ್ರೇಮ್ ಇದ್ದು ಶಟರ್ 1/50 ಸೆಕೆಂಡ್ ಇಟ್ಟರೆ ಟ್ಯೂಬ್‌ಲೈಟ್ ಮಿಣುಕುವುದಿಲ್ಲ, ಆದರೆ 60 ಹರ್ಟ್ಸ್‌ನ ಸ್ಕ್ರೀನಿನಲ್ಲಿ ಪಟ್ಟೆ ಓಡಬಹುದು. ಬ್ರೈಟ್‌ನೆಸ್ ತೀರ ಇಳಿಸಿದರೆ ಇನ್ನೂ ಕೆಡುತ್ತದೆ. ಖಾಲಿ ಸ್ಕ್ರೀನ್ ಶೂಟ್ ಮಾಡಿ, ಅಕ್ಷರ ಎಡಿಟಿಂಗ್‌ನಲ್ಲಿ ಕೂರಿಸುವುದೇ ಲೇಸು. ಬಹಳ ಜನ ನೋಡುವುದೂ ಮೊಬೈಲಿನಲ್ಲೇ, ಹಾಗಾಗಿ ಒಂದು ಫ್ರೇಮಿಗೆ ಒಂದೇ ಮೆಸೇಜು, ಗಟ್ಟಿಯಾಗಿ ಎರಡು ಸಲ ಓದಿ ಮುಗಿಸುವಷ್ಟು ಹೊತ್ತು.