ತಟ್ಟೆಯ ಮೇಲೆ ಬರೆಯದ ಹೆಸರುಗಳು

ಮುಂಬೈಯ ಚೋರ್ ಬಜಾರ್‌ನಲ್ಲಿ ಗುಜರಿ ರಾಶಿ ಕೆದಕುತ್ತಾ ಮೂವತ್ತು ವರ್ಷ ಕಳೆದಿದ್ದೇನೆ. ನಾನು ಹುಡುಕುವುದು ಒಂದೇ: ನಮ್ಮ ದೇಶದಲ್ಲಿ ನುಡಿಸಿ, ಕಲ್ಕತ್ತಾದ ಡಮ್‌ಡಮ್‌ನಲ್ಲಿ ಅಚ್ಚಾದ ಜಾಝ್ ಗ್ರಾಮೊಫೋನ್ ತಟ್ಟೆಗಳು.

1935ರಲ್ಲಿ ಲಿಯಾನ್ ಆಬೆ ಅವರ ಕಪ್ಪು ಅಮೆರಿಕನ್ನರ ತಂಡ ಬಾಂಬೆಯ ತಾಜ್ ಹೋಟೆಲಿಗೆ ಬಂತು. ಆಮೇಲೆ ಪಿಯಾನೋದ ಟೆಡ್ಡಿ ವೆದರ್‌ಫರ್ಡ್ ಬಂದರು. 1945ರಲ್ಲಿ ಕಲ್ಕತ್ತಾದಲ್ಲೇ ಕಾಲರಾಕ್ಕೆ ತೀರಿಕೊಂಡರು. ಇಂಥವರ ಪಕ್ಕದಲ್ಲಿ ಕೂತು ಗೋವಾದ ಹುಡುಗರು ಜಾಝ್ ಕಲಿತರು. ಮುಂದೆ ಸಿ. ರಾಮಚಂದ್ರ ಅವರ ಹಿಂದಿ ಚಿತ್ರಗೀತೆಗಳಲ್ಲಿ ಟ್ರಂಪೆಟ್ ಊದಿದ ಚಿಕ್ ಚಾಕೊಲೇಟ್ ಗೋವಾದವರೇ.

ತಟ್ಟೆ ಸಿಕ್ಕಿತು ಅಂತ ಸುಮ್ನೆ ಹಾಕಿ ಕೇಳಬಾರದು. ಮೊದಲು ತೊಳೆಯಬೇಕು. ಶುರುವಿನಲ್ಲಿ ಒಂದನ್ನು ಸ್ಪಿರಿಟ್‌ನಿಂದ ಒರೆಸಿಬಿಟ್ಟೆ. ನಿಮಿಷಕ್ಕೆ 78 ಸುತ್ತು ತಿರುಗುವ ಈ ಹಳೆಯ ತಟ್ಟೆ ಅರಗಿನದು, ಸ್ಪಿರಿಟ್‌ಗೆ ಕರಗುತ್ತದೆ. ಬಟ್ಟೆ ಕಪ್ಪಾಯಿತು, ಮೂರು ನಿಮಿಷದ ಸಂಗೀತ ಅದರ ಜೊತೆ ಹೋಯಿತು. ಆ ಸಂಕಟ ಇನ್ನೂ ಇದೆ. ಈಗ ಡಿಸ್ಟಿಲ್ಡ್ ನೀರಿಗೆ ಎರಡು ಹನಿ ಸೋಪು ಹಾಕಿ, ಮೆತ್ತನೆ ಬ್ರಷ್‌ನಿಂದ ಗೆರೆ ಹೋದ ಕಡೆಗೇ ಉಜ್ಜುತ್ತೇನೆ. ಲೇಬಲ್‌ಗೆ ನೀರು ತಾಗಿಸುವುದಿಲ್ಲ.

ಆಮೇಲೆ ಮುಳ್ಳು, ಅಂದರೆ ತಟ್ಟೆಯ ಗೆರೆಯಲ್ಲಿ ಓಡಿ ಸದ್ದು ಎತ್ತುವ ಸೂಜಿ. ಆಮೇಲಿನ ಕಾಲದ ಪ್ಲಾಸ್ಟಿಕ್ ತಟ್ಟೆ ಎಲ್‌ಪಿಗೆ 25 ಮೈಕ್ರಾನ್‌ನ (ಮೈಕ್ರಾನ್ ಅಂದರೆ ಮಿಲಿಮೀಟರಿನ ಸಾವಿರದಲ್ಲೊಂದು ಪಾಲು) ಮುಳ್ಳು ಸಾಕು. 78ರ ಗೆರೆ ಅಗಲ, ಸುಮಾರು 75 ಮೈಕ್ರಾನ್‌ನದು ಬೇಕು. ಅದರ ಆಸುಪಾಸಿನ ನಾಲ್ಕು ಅಳತೆ ಇಟ್ಟುಕೊಂಡಿದ್ದೇನೆ. ಹಿಂದಿನವರ ಉಕ್ಕಿನ ಮುಳ್ಳು ಗೆರೆಯನ್ನು ಒಂದು ಎತ್ತರದಲ್ಲಿ ಸವೆಸಿರುತ್ತದೆ. ಅದರ ಸ್ವಲ್ಪ ಮೇಲೆ ಅಥವಾ ಕೆಳಗೆ ನನ್ನ ಮುಳ್ಳು ಕೂತರೆ, ಮಸುಕಾಗಿದ್ದ ಸ್ಯಾಕ್ಸೊಫೋನ್ ಎದ್ದು ಬರುತ್ತದೆ. ಆ ಕ್ಷಣಕ್ಕಾಗಿ ರಾತ್ರಿಯೆಲ್ಲ ಕೂತರೂ ಬೇಸರವಿಲ್ಲ.

ಕೇಳಿದ್ದನ್ನು ಕಂಪ್ಯೂಟರಿಗೆ ಇಳಿಸಿ, ಹೆಚ್ಚಿನ ಗುಣಮಟ್ಟದಲ್ಲಿ (96 ಕಿಲೋಹರ್ಟ್ಸ್, 24 ಬಿಟ್) ಏನೂ ತಿದ್ದದ ಒಂದು ಪ್ರತಿ ಎತ್ತಿಡುತ್ತೇನೆ. ಚರಚರ ಸದ್ದು ತೆಗೆಯುವುದು ಇನ್ನೊಂದು ಪ್ರತಿಯಲ್ಲಿ, ಅದೂ ಸ್ವಲ್ಪವೇ. ಜಾಸ್ತಿ ತೆಗೆದರೆ ಸಿಂಬಲ್‌ನ ಝಲ್ ಅನ್ನುವುದೂ ಹೋಗುತ್ತದೆ.

ಆದರೆ ಸದ್ದು ಉಳಿದರಷ್ಟೇ ಸಾಲದು, ಅಲ್ವಾ? ಲೇಬಲ್ ಮೇಲೆ ಇರುವುದು ತಂಡದ ಯಜಮಾನನ ಹೆಸರು ಮಾತ್ರ. ಊದಿದವರು, ಬಾರಿಸಿದವರು ಯಾರು? ಅದಕ್ಕೇ ಲ್ಯಾಪ್‌ಟಾಪ್ ಹಿಡಿದು ಮನೆಮನೆಗೆ ಹೋಗುತ್ತೇನೆ.

ಬಾಂದ್ರಾದ ಒಂದು ಮನೆಯಲ್ಲಿ ಎಂಬತ್ತು ದಾಟಿದ ಆಂಟಿ ಒಬ್ಬರು ಎರಡು ಸಲ ಕೇಳಿಯೂ ಏನೂ ಹೇಳಲಿಲ್ಲ. ಮೂರನೇ ಸಲ ಬೆರಳೆತ್ತಿದರು. "ಪಪ್ಪಾ! ಕೊನೆಯ ಸ್ವರ ಹಾಗೆ ನಡುಗಿಸುವುದು ಅವರೇ" ಅಂದರು. ಒಳಗೆ ಹೋಗಿ ಒಂದು ಫೋಟೋ ತಂದರು. ಹಿಂದೆ ಪೆನ್ಸಿಲ್‌ನಲ್ಲಿ ಐದು ಹೆಸರು. ಅಲ್ಲೇ ಕೂತು, ಆ ತಟ್ಟೆಯ ಮ್ಯಾಟ್ರಿಕ್ಸ್ ನಂಬರ್ (ಆ ಧ್ವನಿಮುದ್ರಣಕ್ಕೆ ಕಂಪನಿ ಕೊಟ್ಟ ಗುರುತಿನ ನಂಬರ್) ಕೆಳಗೆ ಐದನ್ನೂ ಬರೆದುಕೊಂಡೆ. ಫೋಟೋದಲ್ಲಿ ಇದ್ದವರು ಆರು ಜನ. ಡ್ರಮ್ಮಿನ ಹಿಂದೆ ಕೂತ ಹುಡುಗನ ಮನೆ ಮಾಹಿಮ್‌ನಲ್ಲಿತ್ತಂತೆ. ಬರುವ ಭಾನುವಾರ ಅಲ್ಲಿಗೆ ಹೊರಟಿದ್ದೇನೆ.